ಬಂಡೆಯ ವಾಲಬಿಗೆ ‘ಬೇರೆ ಕಡೆ’ ಎಂಬುದಿಲ್ಲ

ಯೋಜನೆಗಳನ್ನು ರೂಪಿಸುವವರ ಬಾಯಲ್ಲಿ ಬಹು ಸಲೀಸಾಗಿ ಹೊರಳುವ ಮಾತೊಂದಿದೆ: ‘ಬೇರೆ ಕಡೆ’. ಇಲ್ಲಿನ ಕಾಡು ಹೋದರೆ ಬೇರೆ ಕಡೆ ಗಿಡ ನೆಟ್ಟರಾಯಿತು. ಇಲ್ಲಿನ ಜನ ಎದ್ದರೆ ಬೇರೆ ಕಡೆ ನಿವೇಶನ ಕೊಟ್ಟರಾಯಿತು. ಇಲ್ಲಿನ ಪ್ರಾಣಿಗಳಿಗಂತೂ ಕಾಲುಗಳಿವೆ, ಅವು ತಾವಾಗಿಯೇ ಬೇರೆ ಕಡೆ ಹೋಗುತ್ತವೆ. ಈ ಲೆಕ್ಕದಲ್ಲಿ ನೆಲವೆಂದರೆ ಬರಿಯ ಅಳತೆ. ಒಂದು ಎಕರೆಗೆ ಇನ್ನೊಂದು ಎಕರೆ ಸಮ. ಆ ನೆಲವನ್ನು ನಂಬಿದ ಜೀವವು ಅಳತೆಯ ಪಟ್ಟಿಯೊಳಗೆ ಎಲ್ಲಿಯೂ ಕಾಣಿಸಿಕೊಳ್ಳುವುದಿಲ್ಲ. ಈ ಲೆಕ್ಕ ಎಷ್ಟು ಪೊಳ್ಳಾದುದು ಎಂಬುದನ್ನು ಅರಿಯಲು ಆಸ್ಟ್ರೇಲಿಯದ ಕ್ವೀನ್ಸ್‌ಲ್ಯಾಂಡ್ ರಾಜ್ಯದ ಕರಾವಳಿ ಬೆಟ್ಟಗಳ ತಪ್ಪಲಿನಲ್ಲಿ ಬದುಕುತ್ತಿರುವ ಒಂದು ಸಾಧು ಪ್ರಾಣಿಯ ಸ್ಥಿತಿಯನ್ನು ನೋಡಿದರೆ ಸಾಕು. ಪ್ರಾಸರ್ಪೈನ್ ಬಂಡೆವಾಲಬಿ ಎಂಬುದು ಅದರ ಹೆಸರು. ಇಡೀ ಭೂಮಂಡಲದಲ್ಲಿ ಅದಕ್ಕೆ ಸಹಜವಾಗಿ ಒಲಿದ ನೆಲ ಅದೊಂದೇ.

ಬಂಡೆಯನ್ನೇ ನಂಬಿದ ಕುಲ

ಕಾಂಗರೂ ಶಾಲೆಯ ಮಕ್ಕಳಿಗೂ ಗೊತ್ತಿರುವ ಪ್ರಾಣಿ. ವಾಲಬಿಯು ಅದರ ಚಿಕ್ಕ ದಾಯಾದಿ. ಹೊಟ್ಟೆಯ ಚೀಲದಲ್ಲಿ ಮರಿಯನ್ನು ಹೊತ್ತು ಸಾಕುತ್ತದೆ, ಹಿಂಗಾಲುಗಳಿಂದ ನೆಗೆದು ಸಾಗುತ್ತದೆ, ಹುಲ್ಲು ಮತ್ತು ಎಲೆಗಳನ್ನು ಮೇಯುತ್ತದೆ. ಈ ವಾಲಬಿಗಳಲ್ಲಿ ಬಯಲನ್ನು ಬಿಟ್ಟು ಬಂಡೆಗಳನ್ನೇ ಆಶ್ರಯಿಸಿದ ಕುಲವೊಂದಿದೆ. ಪೆಟ್ರೊಗೇಲ್ ಎಂಬ ವೈಜ್ಞಾನಿಕ ನಾಮವುಳ್ಳ ಈ ಕುಲದಲ್ಲಿ ಹದಿನಾರು-ಹದಿನೇಳು ಪ್ರಭೇದಗಳನ್ನು ಗುರುತಿಸಲಾಗಿದೆ. ಅವುಗಳ ಅಂಗಾಲು ಒರಟಾಗಿದ್ದು ಕಡಿದಾದ ಬಂಡೆಯನ್ನೂ ಕಚ್ಚಿ ಹಿಡಿಯುತ್ತದೆ. ಬಯಲಿನ ಕಾಂಗರೂವಿನ ಬಾಲ ಬುಡದಲ್ಲಿ ದಪ್ಪನಾಗಿ ಊರುಗೋಲಿನಂತಿದ್ದರೆ, ಬಂಡೆವಾಲಬಿಯ ಬಾಲ ಉದ್ದಕ್ಕೆ ದುಂಡಗಿದ್ದು ನೆಗೆತದಲ್ಲಿ ಮೈಯ ತೂಕವನ್ನು ಸರಿದೂಗಿಸುತ್ತದೆ. ಹಗಲೆಲ್ಲ ಬಂಡೆಯ ಸಂದಿನ ತಂಪಿನಲ್ಲಿ ಅಡಗಿದ್ದು, ಮುಸ್ಸಂಜೆಗೆ ಹೊರಬಂದು ಮೇದು, ಬೆಳಗಿನ ಹೊತ್ತಿಗೆ ಮತ್ತೆ ಬಂಡೆಗೆ ಮರಳುವುದು ಅವುಗಳ ದಿನಚರಿ. ಬೇಸಿಗೆಯ ಬಿಸಿಲಿಗೆ ನೆರಳು, ಬೆನ್ನಟ್ಟಿದ ಶತ್ರುವಿಗೆ ಕೋಟೆ, ಚೀಲದಿಂದ ಇಳಿದ ಮರಿಗೆ ತೊಟ್ಟಿಲು, ಎಲ್ಲವೂ ಆ ಬಂಡೆಯೇ.

ಬಂಡೆರಾಶಿಗಳು ಎಲ್ಲೆಡೆ ಇರುವುದಿಲ್ಲ. ಒಂದು ಗುಡ್ಡದ ಬಂಡೆರಾಶಿಗೂ ಮತ್ತೊಂದರದಕ್ಕೂ ನಡುವೆ ದಾಟಲಾಗದಷ್ಟು ಬಯಲು ಬಿದ್ದಿರುವುದುಂಟು. ಹೀಗೆ ಸಾವಿರಾರು ವರ್ಷಗಳ ಕಾಲ ಬೇರೆಬೇರೆಯಾಗಿ ಉಳಿದ ಗುಂಪುಗಳು ವರ್ಣತಂತುಗಳ ಸಂಖ್ಯೆ ಮತ್ತು ರಚನೆಯಲ್ಲಿಯೇ ಪರಸ್ಪರ ಭಿನ್ನವಾಗಿವೆ. ಕ್ವೀನ್ಸ್‌ಲ್ಯಾಂಡಿನ ಕೆಲವು ಪ್ರಭೇದಗಳನ್ನು ಕೇವಲ ಕಣ್ಣಿನಿಂದ ನೋಡಿ ಪ್ರತ್ಯೇಕಿಸುವುದು ಪರಿಣತರಿಗೂ ಕಷ್ಟ. ವರ್ಣತಂತುಗಳ ಪರೀಕ್ಷೆಯೇ ಬೇಕಾಗುತ್ತದೆ. ದೂರದಿಂದ ನೋಡುವವನಿಗೆ ಎಲ್ಲವೂ ‘ಒಂದು ವಾಲಬಿ’. ನಿಸರ್ಗದ ಲೆಕ್ಕದಲ್ಲಿ ಒಂದೊಂದು ಗುಡ್ಡಸಾಲೂ ಒಂದೊಂದು ವಂಶದ ಕಣಜ.

ಪ್ರಾಸರ್ಪೈನ್ ಬಂಡೆವಾಲಬಿ ಮೊಲಕ್ಕಿಂತ ದೊಡ್ಡದು, ಕಾಡುಕುರಿಗಿಂತ ಚಿಕ್ಕದು. ಬೂದು ಬಣ್ಣದ ಮೈ, ಕಪ್ಪು ಪಾದಗಳು, ಬಾಲದ ತುದಿಯಲ್ಲಿ ಬಿಳಿಯ ಗುರುತು. ವಿಟ್‌ಸಂಡೇ ಕರಾವಳಿಯಲ್ಲಿ ಪ್ರಾಸರ್ಪೈನ್ ಮತ್ತು ಏರ್ಲಿ ಬೀಚ್ ಪಟ್ಟಣಗಳ ಸುತ್ತಲಿನ ಗುಡ್ಡಗಳು, ಕಾನ್ವೇ ಮತ್ತು ಡ್ರೈಯಾಂಡರ್ ರಾಷ್ಟ್ರೀಯ ಉದ್ಯಾನಗಳು, ಎದುರಿಗಿನ ಗ್ಲಾಸ್ಟರ್ ದ್ವೀಪ, ಇಷ್ಟೇ ಅದರ ಸಹಜ ನೆಲೆ. ಆ ನೆಲೆಯೊಳಗೂ ಅದು ಎಲ್ಲೆಂದರಲ್ಲಿ ಇರುವುದಿಲ್ಲ. ಬಳ್ಳಿಗಳು ಹೆಣೆದುಕೊಂಡ, ಒಣಗಾಲದಲ್ಲಿ ಭಾಗಶಃ ಎಲೆ ಉದುರಿಸುವ ದಟ್ಟ ಕಾಡು ಬೇಕು. ಆ ಕಾಡಿನೊಳಗೆ ಬಂಡೆರಾಶಿ ಬೇಕು. ಪಕ್ಕದಲ್ಲಿ ಒಂದಷ್ಟು ಹುಲ್ಲಿನ ಅಂಚೂ ಬೇಕು. ಮೂರೂ ಕೂಡಿದ ಜಾಗದಲ್ಲಿ ಮಾತ್ರ ಅದರ ಸಂಸಾರ. ಅಂತರರಾಷ್ಟ್ರೀಯ ನಿಸರ್ಗ ಸಂರಕ್ಷಣಾ ಒಕ್ಕೂಟದ ಕೆಂಪು ಪಟ್ಟಿಯಲ್ಲಿಯೂ ಆಸ್ಟ್ರೇಲಿಯದ 1999ರ ಪರಿಸರ ಸಂರಕ್ಷಣಾ ಕಾಯಿದೆಯಡಿಯಲ್ಲಿಯೂ ಇದು ಅಳಿವಿನಂಚಿನ ಪ್ರಾಣಿ.

ಹೆಸರಿಡುವ ಮೊದಲೇ ಕಳೆದದ್ದು

1976ರವರೆಗೆ ಈ ಪ್ರಾಣಿ ವಿಜ್ಞಾನದ ಗಮನಕ್ಕೇ ಬಂದಿರಲಿಲ್ಲ. 1982ರಲ್ಲಿ ಮೇನ್ಸ್ ಎಂಬ ಪ್ರಾಣಿಶಾಸ್ತ್ರಜ್ಞರು ಅದನ್ನು ಹೊಸ ಪ್ರಭೇದವೆಂದು ವರ್ಣಿಸಿ ‘ಪರ್ಸೆಫೊನಿ’ ಎಂಬ ಹೆಸರಿಟ್ಟರು. ಪ್ರಾಸರ್ಪೈನ್ ಎಂಬ ಊರಿನ ಹೆಸರು ರೋಮನ್ ಪುರಾಣದ ದೇವತೆಯದು. ಅವಳೇ ಗ್ರೀಕರ ಪರ್ಸೆಫೊನಿ, ಪಾತಾಳದ ರಾಣಿ. ಪುರಾಣದ ದೇವತೆ ವರ್ಷಕ್ಕೊಮ್ಮೆ ಪಾತಾಳದಿಂದ ಭೂಮಿಗೆ ಮರಳುತ್ತಾಳೆ. ಅಳಿದುಹೋದ ಪ್ರಭೇದಕ್ಕೆ ಅಂತಹ ಮರಳುವಿಕೆಯಿಲ್ಲ.

ಇಲ್ಲಿ ಇಸವಿಗಳನ್ನು ಗಮನಿಸಬೇಕು. ಪ್ರಾಸರ್ಪೈನ್‌ನಲ್ಲಿ ಸಕ್ಕರೆ ಕಾರ್ಖಾನೆ ಆರಂಭವಾದದ್ದು 1897ರಲ್ಲಿ. ಕಾರ್ಖಾನೆಗೆ ಕಬ್ಬು ಬೇಕು, ಕಬ್ಬಿಗೆ ಮಟ್ಟಸ ನೆಲ ಬೇಕು. ನದಿಬಯಲಿನ ಕಾಡು ಕಬ್ಬಿನ ಗದ್ದೆಗಳಾಗಿಯೂ ದನಗಳ ಹುಲ್ಲುಗಾವಲಾಗಿಯೂ ಮಾರ್ಪಟ್ಟಿತು. ವಾಲಬಿಗೆ ವೈಜ್ಞಾನಿಕ ನಾಮ ದೊರಕುವ ಹೊತ್ತಿಗೆ ಕಾರ್ಖಾನೆಗೆ ಎಂಬತ್ತೈದು ವರ್ಷ ತುಂಬಿತ್ತು. ಗುಡ್ಡದಿಂದ ಗುಡ್ಡಕ್ಕೆ ಹಬ್ಬಿದ್ದ ಕಾಡಿನ ಯಾವ ಯಾವ ಸೇತುವೆಗಳು ಅಷ್ಟರೊಳಗೆ ಕಡಿದುಹೋದವು ಎಂದು ಬರೆದಿಟ್ಟವರು ಯಾರೂ ಇರಲಿಲ್ಲ. ಆ ನೆಲದ ಮೂಲನಿವಾಸಿಗಳಾದ ಗಿಯಾ ಮತ್ತು ನ್ಗಾರೊ ಜನ ತಲೆತಲಾಂತರದಿಂದ ಅಲ್ಲಿ ಬಾಳಿದವರು. ವಸಾಹತು ಆಡಳಿತ ಅವರನ್ನು ನೆಲೆಯಿಂದ ಕದಲಿಸಿತೇ ಹೊರತು ಆ ನೆಲದ ವಿಷಯದಲ್ಲಿ ಅವರ ಮಾತನ್ನು ಕೇಳಲಿಲ್ಲ. ಬಲ್ಲವರನ್ನು ಹೊರಗಿಟ್ಟು, ಅರಿಯದವರು ನಕ್ಷೆ ಬರೆದ ಮೇಲೆ, ಉಳಿದದ್ದನ್ನು ಎಣಿಸಲು ವಿಜ್ಞಾನ ಬಂದಿತು.

‘ಅಷ್ಟು ಚಿಕ್ಕ ಜಾಗದಲ್ಲಿ ಉಳಿದಿದೆಯೆಂದರೆ ಅದು ಹೇಗೂ ಅಳಿಯುವ ಪ್ರಾಣಿ, ನಿಸರ್ಗವೇ ಅದನ್ನು ಕೈಬಿಟ್ಟಿದೆ’ ಎಂಬ ವಾದವನ್ನು ವಿದ್ಯಾವಂತರೂ ಮುಂದಿಡುವುದುಂಟು. ಈ ವಾದ ವಿಜ್ಞಾನದ ವೇಷ ತೊಟ್ಟ ಸೋಮಾರಿತನ. ಈ ವಾಲಬಿಯದು ತನ್ನ ನೆರೆಯ ಪ್ರಭೇದಗಳಿಗಿಂತ ಪ್ರಾಚೀನವಾದ ವಂಶ. ಅದರ ಹತ್ತಿರದ ಬಂಧುವಾದ ಹಳದಿಪಾದದ ಬಂಡೆವಾಲಬಿಯು ದೂರದ ಒಣ ಒಳನಾಡಿನಲ್ಲಿದೆ. ಯುಗಾಂತರಗಳ ಹವಾಮಾನ ಬದಲಾವಣೆಯಲ್ಲಿ ಬಳ್ಳಿಗಾಡು ಕುಗ್ಗಿದಂತೆ ತಾನೂ ಅದರೊಡನೆ ಹಿಂದೆ ಸರಿದು, ಕಾಡು ಉಳಿದಲ್ಲಿ ತಾನೂ ಉಳಿದ ಜೀವಿ ಇದು. ಅಷ್ಟನ್ನೆಲ್ಲ ತಾಳಿಕೊಂಡದ್ದನ್ನು ದುರ್ಬಲವೆಂದು ಕರೆಯುವುದು ಹೇಗೆ? ಹಿಮಯುಗಗಳನ್ನು ದಾಟಿ ಬಂದ ಪ್ರಾಣಿ ನೂರು ಚಿಲ್ಲರೆ ವರ್ಷಗಳಲ್ಲಿ ಅಳಿವಿನಂಚಿಗೆ ಬಂದಿದ್ದರೆ ಕಾರಣವನ್ನು ಪ್ರಾಣಿಯ ಮೈಯಲ್ಲಿ ಹುಡುಕುವುದು ವ್ಯರ್ಥ. ಆ ನೂರು ವರ್ಷಗಳಲ್ಲಿ ಹುಡುಕಬೇಕು.

‘ಹೋಗುವುದು ಸ್ವಲ್ಪವೇ ಜಾಗ’

ವಿಟ್‌ಸಂಡೇ ದ್ವೀಪಗಳೂ ಅದರಾಚೆಯ ಹವಳದ ದಿಬ್ಬಗಳೂ ಜಗತ್ಪ್ರಸಿದ್ಧ. ಗ್ರೇಟ್ ಬ್ಯಾರಿಯರ್ ರೀಫ್ 1981ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. ಪ್ರವಾಸಿಗರು ಹೆಚ್ಚಿದಂತೆ ಏರ್ಲಿ ಬೀಚ್ ಬೆಳೆಯಿತು. ಸಮುದ್ರ ಕಾಣುವ ಗುಡ್ಡದ ತಪ್ಪಲಿನ ನಿವೇಶನಗಳಿಗೆ ಬೇಡಿಕೆ ಬಂದಿತು. ಸಮುದ್ರ ಕಾಣುವ ತಪ್ಪಲೆಂದರೆ ಬಳ್ಳಿಗಾಡಿನ ಬಂಡೆಗಳಿರುವ ತಪ್ಪಲೇ. ಪ್ರತಿ ಬಡಾವಣೆಯೂ ತನ್ನ ಮಟ್ಟಿಗೆ ಚಿಕ್ಕದು. ಪ್ರತಿಯೊಂದೂ ‘ಹೋಗುವುದು ಸ್ವಲ್ಪವೇ ಜಾಗ’ ಎನ್ನುತ್ತದೆ. ನೂರು ಸಲ ‘ಸ್ವಲ್ಪವೇ’ ಎಂದರೆ ಒಟ್ಟು ಎಷ್ಟಾಯಿತು ಎಂದು ಕೂಡಿಸಿ ನೋಡುವ ಹೊಣೆಯನ್ನು ಯಾವ ಒಂದು ಅರ್ಜಿಯೂ ಹೊರುವುದಿಲ್ಲ.

ಇಷ್ಟಕ್ಕೂ ಕಡಿದ ಜಾಗವಷ್ಟೇ ಹೋಗುವುದಿಲ್ಲ. ಕೃಷಿಕನಿಗೆ ಇದು ಸುಲಭವಾಗಿ ಅರ್ಥವಾಗುವ ಸಂಗತಿ. ತೋಟದ ನಡುವೆ ರಸ್ತೆ ಹೋದರೆ ರಸ್ತೆಯ ಅಗಲಕ್ಕಷ್ಟೇ ನಷ್ಟ ನಿಲ್ಲುವುದಿಲ್ಲ. ಬಿಸಿಲು ನುಗ್ಗುತ್ತದೆ, ನೀರಿನ ಹಾದಿ ತಿರುಗುತ್ತದೆ, ಆಚೀಚೆಯ ಎರಡು ಸಾಲು ಮರ ಸೊರಗುತ್ತವೆ. ಕಾಡಿನ ಗತಿಯೂ ಅದೇ. ಒಣಗಾಲದಲ್ಲಿ ಕಾಡಿನೊಳಗೆ ಮೇವು ಕಡಿಮೆಯಾದಾಗ ವಾಲಬಿ ಅಂಚಿನ ಹುಲ್ಲಿಗೆ ಬರುತ್ತದೆ. ಆ ಅಂಚಿನಲ್ಲಿ ಈಗ ಇರುವುದೇನು? ಏರ್ಲಿ ಬೀಚ್‌ನಿಂದ ಶೂಟ್ ಹಾರ್ಬರ್‌ಗೆ ಹೋಗುವ ರಸ್ತೆ. ರಸ್ತೆಯ ಬದಿಯ ಹಸಿರು ಹುಲ್ಲಿಗೆ ಆಸೆಪಟ್ಟು ಬಂದ ಪ್ರಾಣಿ ರಾತ್ರಿಯ ವಾಹನಕ್ಕೆ ಸಿಕ್ಕಿ ಸಾಯುತ್ತದೆ. ಮನೆಗಳ ಸಾಲು ಬಂದರೆ ನಾಯಿ ಬರುತ್ತದೆ, ಬೆಕ್ಕು ಬರುತ್ತದೆ. ನಾಯಿ ಅಟ್ಟಿಸಿಕೊಂಡು ಹೋಗಿ ಕೊಲ್ಲುವುದು ಕಣ್ಣಿಗೆ ಕಾಣುವ ಅಪಾಯ. ಕಾಣದ ಅಪಾಯವೂ ಒಂದಿದೆ.

ನಾಯಿಯ ಕರುಳಿನಲ್ಲಿ ಬೆಳೆಯುವ ಹೈಡಾಟಿಡ್ ಎಂಬ ಲಾಡಿಹುಳುವಿನ ಮೊಟ್ಟೆಗಳು ಅದರ ಮಲದೊಡನೆ ಹುಲ್ಲಿಗೆ ಬೀಳುತ್ತವೆ. ಆ ಹುಲ್ಲನ್ನು ಮೇದ ವಾಲಬಿಯ ಶ್ವಾಸಕೋಶದಲ್ಲಿ ನೀರುಗುಳ್ಳೆಗಳಂತಹ ಗಡ್ಡೆಗಳು ಬೆಳೆಯುತ್ತವೆ. ಯೂರೋಪಿನ ಕುರಿ ಮತ್ತು ನಾಯಿಗಳೊಡನೆ ಆಸ್ಟ್ರೇಲಿಯಕ್ಕೆ ಬಂದ ಈ ಪಿಡುಗು ಕುರಿಗಿಂತಲೂ ವಾಲಬಿಯನ್ನು ಹೆಚ್ಚು ಬಾಧಿಸುತ್ತದೆ. ಬಂಡೆವಾಲಬಿಗಳು ಇದರಿಂದ ಸತ್ತಿರುವುದು ದಾಖಲಾಗಿದೆ. ಸಾಯದೆ ಉಳಿದದ್ದಕ್ಕೂ ಉಸಿರು ಸಾಲದು. ಬಂಡೆಯಿಂದ ಬಂಡೆಗೆ ನೆಗೆಯಲಾರದ ವಾಲಬಿಗೆ ಬಂಡೆಯಿದ್ದೂ ರಕ್ಷಣೆಯಿಲ್ಲ. ಕೈತೋಟಗಳಿಂದ ಕಾಡಿನ ಅಂಚಿಗೆ ಹಬ್ಬುವ ಪರದೇಶಿ ಗಿಡಗಳದು ಇನ್ನೊಂದು ಕಾಟ. ಮಲೆನಾಡಿಗೂ ಪರಿಚಿತವಾದ ಲಂಟಾನ ಅಲ್ಲಿಯೂ ಒಣಕಾಡಿನ ಅಂಚನ್ನು ಮುತ್ತಿದೆ. ಮನೆಯ ಮುಂದೆ ಪೂಜೆಗೆ ಬೆಳೆಸುವ ನಿತ್ಯಪುಷ್ಪವೂ ಕ್ವೀನ್ಸ್‌ಲ್ಯಾಂಡಿನ ಕರಾವಳಿಯಲ್ಲಿ ಅಂಗಳ ದಾಟಿ ಕಾಡುಗಿಡವಾಗಿದೆ. ಅದು ಜಾನುವಾರುಗಳಿಗೆ ವಿಷವೆಂಬುದು ಹೈನುಗಾರರು ಬಲ್ಲ ವಿಷಯ.

ಇದರ ಮೇಲೆ ಲೆಕ್ಕವೊಂದನ್ನು ಇಡಬೇಕು. ಈ ವಾಲಬಿ ಒಂದು ಸಲಕ್ಕೆ ಒಂದೇ ಮರಿ ಹಾಕುತ್ತದೆ. ಗರ್ಭದಲ್ಲಿ ಸುಮಾರು ಒಂದು ತಿಂಗಳು, ಚೀಲದಲ್ಲಿ ಸುಮಾರು ಏಳು ತಿಂಗಳು. ಮರಿ ಬೆಳೆದು ತಾನು ಮರಿ ಹಾಕುವಷ್ಟಾಗಲು ಎರಡು ವರ್ಷದಷ್ಟು ಕಾಲ. ಒಂದು ಬಂಡೆರಾಶಿಯಲ್ಲಿ ಇಪ್ಪತ್ತು ಪ್ರಾಣಿಗಳಿದ್ದು ಅವುಗಳಲ್ಲಿ ಎಂಟು ಪ್ರಾಯದ ಹೆಣ್ಣುಗಳೆಂದು ಲೆಕ್ಕಕ್ಕಾಗಿ ಭಾವಿಸಿದರೆ, ವರ್ಷಕ್ಕೆ ಎಂಟು ಮರಿ. ಅರ್ಧದಷ್ಟು ಉಳಿದು ಬೆಳೆದರೆ ನಾಲ್ಕು. ಅದರಲ್ಲಿ ಹೆಣ್ಣು ಎರಡು. ಮುಪ್ಪಿಗೆ, ಕಾಯಿಲೆಗೆ ವರ್ಷಕ್ಕೊಂದು ಹೆಣ್ಣು ಹೋಗುತ್ತದೆಂದರೂ ಉಳಿತಾಯ ಒಂದೇ ಒಂದು. ರಸ್ತೆಯಲ್ಲಿ ಒಂದು, ನಾಯಿಯ ಬಾಯಲ್ಲಿ ಒಂದು ಹೆಣ್ಣು ಹೋದರೆ ಆ ಗುಂಪು ಅಂದಿನಿಂದಲೇ ಇಳಿಮುಖ. ವರ್ಷಕ್ಕೆ ಎರಡು ಸಾವು ಯಾವ ಪತ್ರಿಕೆಗೂ ಸುದ್ದಿಯಲ್ಲ, ಯಾವ ಕಚೇರಿಗೂ ಕಡತವಲ್ಲ. ದೊಡ್ಡ ಗುಂಪಿನಲ್ಲಿ ಇದೇ ನಷ್ಟ ಗಮನಕ್ಕೂ ಬರುವುದಿಲ್ಲ. ಚಿಕ್ಕ ನೆಲೆಯ ಜೀವಿಗೆ ಅದೇ ಮರಣಶಾಸನ.

‘ರಾಷ್ಟ್ರೀಯ ಉದ್ಯಾನವಿದೆಯಲ್ಲ, ಅಲ್ಲಿ ಇರಲಿ’ ಎಂಬ ಉತ್ತರ ಸಿದ್ಧವಾಗಿರುತ್ತದೆ. ಉದ್ಯಾನಗಳು ಇರುವುದು ಒಳ್ಳೆಯದೇ. ಆದರೆ ವಾಲಬಿಯ ಗುಂಪುಗಳು ಉದ್ಯಾನದ ಗಡಿಕಲ್ಲನ್ನು ನೋಡಿ ನೆಲೆಸಿದವಲ್ಲ. ಪಟ್ಟಣದ ಮಗ್ಗುಲಿನ, ಖಾಸಗಿ ಒಡೆತನದ ತಪ್ಪಲುಗಳಲ್ಲಿಯೂ ಅವುಗಳ ಬಂಡೆಗಳಿವೆ. ಆ ಗುಂಪುಗಳನ್ನು ಬಿಟ್ಟುಕೊಟ್ಟರೆ ಉದ್ಯಾನದೊಳಗಿನ ಗುಂಪುಗಳು ಒಂದರಿಂದೊಂದು ಕಡಿದುಬೀಳುತ್ತವೆ.

‘ವಾಲಬಿ ಕಾಣುತ್ತದೆಯಲ್ಲ’

ಅದೇ ಸೀಮೆಯ ತೆರೆದ ಕಾಡುಗಳಲ್ಲಿ ಇನ್ನೊಂದು ಬಂಡೆವಾಲಬಿ ಇದೆ. ಸರಳ ಬಣ್ಣದ, ಗುರುತುಗಳಿಲ್ಲದ ಅದರ ವೈಜ್ಞಾನಿಕ ನಾಮ ಇನಾರ್ನೇಟಾ. ಅದಕ್ಕೆ ದಟ್ಟ ಬಳ್ಳಿಗಾಡಿನ ಅಗತ್ಯವಿಲ್ಲ. ದಟ್ಟಕಾಡು ಬೆಂಕಿಗೋ ಕೊಡಲಿಗೋ ಸಿಕ್ಕಿ ತೆರವಾದಂತೆಲ್ಲ ಅಂಥ ಜಾಗ ಈ ಎರಡನೆಯ ಪ್ರಾಣಿಗೆ ಹೆಚ್ಚು ಹೊಂದುತ್ತದೆ. ಆಗ ದಾರಿಹೋಕರು, ‘ವಾಲಬಿ ಈಗಲೂ ಕಾಣುತ್ತದೆಯಲ್ಲ, ಅಳಿದದ್ದೇನು?’ ಎಂದು ಕೇಳಬಹುದು.

ಮಲೆನಾಡಿನ ಓದುಗರಿಗೆ ಈ ಮಾತು ಹೊಸದಾಗಿರಲಾರದು. ನೂರಾರು ಜಾತಿಯ ಮರಗಳಿದ್ದ ಗುಡ್ಡವನ್ನು ಸವರಿ ಅಕೇಶಿಯ ನೆಟ್ಟು, ‘ಹಸಿರಾಗಿಯೇ ಇದೆಯಲ್ಲ’ ಎಂದು ತೋರಿಸಿದವರನ್ನು ಅವರು ಬಲ್ಲರು. ಅಲ್ಲಿ ಬಣ್ಣವೊಂದೇ ಉಳಿದಿತ್ತು. ಜೇನು, ಸೊಪ್ಪು, ಒರತೆ ಉಳಿದಿರಲಿಲ್ಲ. ಯಾವುದು ಇದೆ ಎಂದು ಕೇಳದೆ ಏನೋ ಒಂದು ಇದೆಯೆಂದು ತೃಪ್ತಿಪಡುವುದು ಅಳಿವನ್ನು ಮುಚ್ಚಿಡುವ ಅತಿ ಸುಲಭದ ವಿಧಾನ.

‘ಹಿಡಿದು ಬೇರೆ ಕಡೆ ಬಿಟ್ಟರಾಯಿತು’

ವಾದಗಳೆಲ್ಲ ಸೋತ ಮೇಲೆ ಬರುವುದು ಸ್ಥಳಾಂತರದ ಮಾತು. ಈ ವಾಲಬಿಯ ವಿಷಯದಲ್ಲಿ ಅದನ್ನೂ ಮಾಡಿ ನೋಡಲಾಗಿದೆ. ಐಷಾರಾಮಿ ವಸತಿಗೃಹಕ್ಕೆ ಹೆಸರಾದ ಹೇಮನ್ ದ್ವೀಪಕ್ಕೆ 1998ರಿಂದ ವಾಲಬಿಗಳನ್ನು ಒಯ್ದು ಬಿಟ್ಟು ಹೊಸ ಗುಂಪೊಂದನ್ನು ಕಟ್ಟಲಾಯಿತು. ಕಷ್ಟಪಟ್ಟು ಆ ಕೆಲಸ ಮಾಡಿದವರ ಶ್ರಮವನ್ನು ಅಲ್ಲಗಳೆಯಬೇಕಾಗಿಲ್ಲ. ಮನೆಗೆ ಬೆಂಕಿ ಬೀಳಬಹುದೆಂದು ಬೀಜದ ಒಂದು ಹಿಡಿಯನ್ನು ನೆರೆಮನೆಯಲ್ಲಿ ಇಟ್ಟಂತೆ ಅದು. ಆದರೆ ನೆರೆಮನೆಯಲ್ಲಿ ಬೀಜವಿದೆಯೆಂದು ಸ್ವಂತ ಮನೆಗೆ ಬೆಂಕಿ ಇಡಲು ಅನುಮತಿ ಕೊಡುವವರು ಉಂಟೇ?

2017ರ ಮಾರ್ಚ್ 28ರಂದು ಡೆಬ್ಬಿ ಎಂಬ ಚಂಡಮಾರುತ ಇದೇ ಕರಾವಳಿಯನ್ನು ಏರ್ಲಿ ಬೀಚ್‌ನ ಬಳಿ ಅಪ್ಪಳಿಸಿತು. ಹೇಮನ್ ದ್ವೀಪದ ವಸತಿಗೃಹ ಹಾನಿಗೊಂಡು ಮತ್ತೆ ಬಾಗಿಲು ತೆರೆದದ್ದು 2019ರಲ್ಲಿ. ಹೊಸ ನೆಲೆಯೂ ಹಳೆಯ ನೆಲೆಯೂ ಒಂದೇ ದಿನ ಒಂದೇ ಗಾಳಿಯ ದಾರಿಯಲ್ಲಿದ್ದವು. ಚಿಕ್ಕ ನೆಲೆಯ ಜೀವಿಯ ಸಂಕಟ ಇದೇ: ಅದರ ಎಲ್ಲ ಮೊಟ್ಟೆಗಳೂ ಒಂದೇ ಬುಟ್ಟಿಯಲ್ಲಿವೆ. ಆ ಬುಟ್ಟಿಯ ಮೇಲೆ ಗಾಳಿ ಬೀಸುವುದನ್ನು ಯಾರೂ ತಡೆಯಲಾರರು. ತಡೆಯಲಾಗದ ಆಪತ್ತು ಇರುವಲ್ಲಿ ತಡೆಯಬಹುದಾದ ಆಪತ್ತುಗಳನ್ನು ಹೇರದಿರುವುದು ಕನಿಷ್ಠ ವಿವೇಕ.

ದ್ವೀಪದಲ್ಲಿ ಬೇರ್ಪಟ್ಟು ಉಳಿದ ಗುಂಪಿಗೆ ಕಾಲಾಂತರದಲ್ಲಿ ಏನಾಗುತ್ತದೆ ಎಂಬುದಕ್ಕೂ ಸಾಕ್ಷ್ಯವಿದೆ. ಪಶ್ಚಿಮ ಆಸ್ಟ್ರೇಲಿಯದ ಬ್ಯಾರೋ ದ್ವೀಪದಲ್ಲಿ ಸಮುದ್ರ ಏರಿದ ಕಾಲದಿಂದ, ಅಂದರೆ ಸುಮಾರು ಎಂಟು ಸಾವಿರ ವರ್ಷಗಳಿಂದ, ಪ್ರತ್ಯೇಕವಾಗಿರುವ ಕಪ್ಪುಪಾದದ ಬಂಡೆವಾಲಬಿಗಳನ್ನು ಎಲ್ಡ್ರಿಜ್ ಮತ್ತು ಸಂಗಡಿಗರು ಅಭ್ಯಸಿಸಿ 1999ರಲ್ಲಿ ಪ್ರಕಟಿಸಿದರು. ಅವುಗಳಲ್ಲಿ ಆನುವಂಶಿಕ ವೈವಿಧ್ಯ ತೀರ ಕೆಳಮಟ್ಟದಲ್ಲಿತ್ತು. ಒಳಸಂತಾನದ ದೋಷಗಳು ಕಾಣಿಸಿಕೊಂಡಿದ್ದವು. ಹೆಣ್ಣುಗಳ ಸಂತಾನಶಕ್ತಿ ಭೂಖಂಡದ ಬಂಧುಗಳದಕ್ಕಿಂತ ಕಡಿಮೆಯಾಗಿತ್ತು. ಒಂದೇ ಹೋರಿಯಿಂದ ತಲೆಮಾರುಗಟ್ಟಲೆ ತಳಿ ಬೆಳೆಸಿದ ಹಟ್ಟಿಯ ಪಾಡನ್ನು ಕಂಡವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಆದ್ದರಿಂದ ಮೂಲನೆಲೆಯ ಬಂಡೆರಾಶಿಗಳು ಪರಸ್ಪರ ಸಂಪರ್ಕದಲ್ಲಿ ಉಳಿಯುವುದಕ್ಕೆ ಯಾವ ದ್ವೀಪವೂ ಬದಲಿಯಾಗಲಾರದು.

ಕಳೆದುಕೊಂಡ ಮೇಲೆ ತೆರುವ ಬೆಲೆ

ನ್ಯೂ ಸೌತ್ ವೇಲ್ಸ್‌ನ ಪೊದೆಬಾಲದ ಬಂಡೆವಾಲಬಿ ಒಂದು ಕಾಲಕ್ಕೆ ಹೇರಳವಾಗಿತ್ತು. ಬೆಳೆಗೂ ಹುಲ್ಲುಗಾವಲಿಗೂ ಪೀಡೆಯೆಂದು ಸಾರಿ ಸರ್ಕಾರವೇ ಅದರ ತಲೆಗೆ ಇನಾಮು ಕಟ್ಟಿತು. 1884ರಿಂದ 1914ರವರೆಗಿನ ಮೂವತ್ತು ವರ್ಷಗಳಲ್ಲಿ ಐದು ಲಕ್ಷಕ್ಕೂ ಮಿಗಿಲಾದ ಇನಾಮುಗಳು ಸಂದಾಯವಾದವು. ತುಪ್ಪಳದ ವ್ಯಾಪಾರ ಬೇರೆ. 2019-20ರ ಬೇಸಿಗೆಯಲ್ಲಿ ಕಾಳ್ಗಿಚ್ಚು ಅದೇ ಪ್ರಾಣಿಯ ಅಳಿದುಳಿದ ನೆಲೆಗಳನ್ನು ಸುಟ್ಟಾಗ, ಅದೇ ರಾಜ್ಯದ ಸರ್ಕಾರ ಹೆಲಿಕಾಪ್ಟರಿನಿಂದ ಸಾವಿರಾರು ಕಿಲೋ ಗಜ್ಜರಿ ಮತ್ತು ಗೆಣಸನ್ನು ಬಂಡೆಗಳ ಮೇಲೆ ಸುರಿಸಿತು. ಜಗತ್ತು ಅದನ್ನು ಕರುಣೆಯ ಚಿತ್ರವಾಗಿ ನೋಡಿ ಮೆಚ್ಚಿಕೊಂಡಿತು. ಮೆಚ್ಚಬೇಕಾದದ್ದೇ. ಆದರೆ ಒಂದು ತಲೆಮಾರು ಹಣ ಕೊಟ್ಟು ಕೊಲ್ಲಿಸಿದ್ದನ್ನು ಉಳಿಸಲು ಮರಿಮಕ್ಕಳ ತಲೆಮಾರು ಆಕಾಶದಿಂದ ಗೆಣಸು ಸುರಿಯಬೇಕಾಯಿತು ಎಂಬುದನ್ನು ಆ ಚಿತ್ರದ ಕೆಳಗೆ ಬರೆಯಬೇಕಿತ್ತು.

ಪಶ್ಚಿಮ ಆಸ್ಟ್ರೇಲಿಯದ ಗೋಧಿ ಸೀಮೆಯ ಕಥೆ ಕೃಷಿ ವಿದ್ಯಾರ್ಥಿಗಳು ಓದಬೇಕಾದದ್ದು. ಅಲ್ಲಿ ಕಣ್ಣು ಹಾಯಿಸಿದಷ್ಟೂ ಗೋಧಿ. ನಡುನಡುವೆ ದ್ವೀಪಗಳಂತೆ ಕಗ್ಗಲ್ಲಿನ ಗುಡ್ಡಗಳು. ಆ ಗುಡ್ಡಗಳಲ್ಲಿ ಕಪ್ಪುಪಾದದ ಬಂಡೆವಾಲಬಿಗಳು. ಅವು ಏಕೆ ಇಳಿಮುಖವಾಗಿವೆ ಎಂದು ಕಿನಿಯರ್ ಎಂಬ ವಿಜ್ಞಾನಿ ಸಂಗಡಿಗರೊಡನೆ ಪರೀಕ್ಷಿಸಿದರು. 1982ರಿಂದ ಕೆಲವು ಗುಡ್ಡಗಳಲ್ಲಿ ಯೂರೋಪಿನಿಂದ ತಂದ ಕೆಂಪು ನರಿಗೆ ವಿಷ ಇಟ್ಟು, ಉಳಿದವನ್ನು ಹಾಗೆಯೇ ಬಿಟ್ಟು ಹೋಲಿಸಿದರು. ನರಿ ನಿಯಂತ್ರಿಸಿದ ಗುಡ್ಡಗಳಲ್ಲಿ ವಾಲಬಿಗಳ ಸಂಖ್ಯೆ ಎರಡು ಪಟ್ಟನ್ನೂ ಮೀರಿತು. ಬಳಸಿದ ವಿಷವಾದರೂ ಆ ಸೀಮೆಯ ಸ್ಥಳೀಯ ಗಿಡಗಳಲ್ಲಿಯೇ ಇರುವಂಥದು. ಅಲ್ಲಿನ ಮೂಲ ಪ್ರಾಣಿಗಳು ಅದನ್ನು ತಾಳಿಕೊಳ್ಳಬಲ್ಲವು, ಹೊರಗಿನಿಂದ ಬಂದ ನರಿ ತಾಳಲಾರದು. ಗೋಧಿ ಬೆಳೆಯುವವರನ್ನು ಎಬ್ಬಿಸದೆ, ನೆಲವನ್ನು ಕಸಿಯದೆ, ಕಾರಣವನ್ನು ಸರಿಯಾಗಿ ಗುರುತಿಸಿದ್ದರಿಂದಲೇ ಇದು ಸಾಧ್ಯವಾಯಿತು.

ಆದರೂ ಅಲ್ಲಿಗೆ ಮುಗಿಯಲಿಲ್ಲ. ನಂತರದ ದಶಕಗಳಲ್ಲಿ ನಾಂಜೀನ್ ಹಿಲ್ ಎಂಬ ಗುಡ್ಡದ ವಾಲಬಿಗಳು ನರಿ ಮತ್ತು ಕಾಡುಬೆಕ್ಕಾಗಿ ತಿರುಗಿದ ಸಾಕುಬೆಕ್ಕುಗಳಿಗೆ ಬಲಿಯಾಗಿ ಕೆಲವೇ ಉಳಿದವು. 2013ರಲ್ಲಿ ಗುಡ್ಡವನ್ನು ಸುತ್ತುವರಿದು ಬೇಲಿ ಕಟ್ಟಬೇಕಾಯಿತು. ಸಂಪರ್ಕ ಕಡಿದುಹೋದ ಚಿಕ್ಕ ನೆಲೆಯನ್ನು ಕಾಯುವ ಕೆಲಸಕ್ಕೆ ರಜೆಯಿಲ್ಲ. ಕಾಡಿನ ಸೇತುವೆಗಳು ಇನ್ನೂ ಉಳಿದಿರುವಲ್ಲಿ ಅವನ್ನು ಕಡಿಯದಿರುವುದೇ ಅತ್ಯಂತ ಅಗ್ಗದ ಸಂರಕ್ಷಣೆ. ಕಡಿದ ಮೇಲೆ ಬೇಲಿ, ವಿಷ, ಹೆಲಿಕಾಪ್ಟರು, ವೈದ್ಯರು, ಅದಕ್ಕೆಲ್ಲ ಕೊನೆಯಿಲ್ಲದ ಖರ್ಚು. ಯೋಜನೆಯ ವೆಚ್ಚದ ಪಟ್ಟಿಯಲ್ಲಿ ಈ ಖರ್ಚು ಎಂದಾದರೂ ನಮೂದಾಗಿದೆಯೇ?

ಪ್ರಾಸರ್ಪೈನ್ ವಾಲಬಿಗೂ ಬೇಕಾದದ್ದು ಆಕಾಶದ ನಕ್ಷತ್ರಗಳಲ್ಲ. ರಾತ್ರಿ ರಸ್ತೆಯಲ್ಲಿ ವೇಗಕ್ಕೆ ಮಿತಿ, ತಪ್ಪಲಿನ ಬಡಾವಣೆಗಳಲ್ಲಿ ನಾಯಿಗೆ ಸರಪಳಿ ಮತ್ತು ಹುಳದ ಔಷಧ, ಬಳ್ಳಿಗಾಡಿಗೆ ಬೆಂಕಿ ನುಗ್ಗದಂತೆ ಎಚ್ಚರ, ಗುಡ್ಡದಿಂದ ಗುಡ್ಡಕ್ಕೆ ಕಾಡಿನ ಪಟ್ಟಿ. ಕ್ವೀನ್ಸ್‌ಲ್ಯಾಂಡಿನ 1992ರ ನಿಸರ್ಗ ಸಂರಕ್ಷಣಾ ಕಾಯಿದೆಯಡಿಯಲ್ಲಿ ಭೂಮಾಲಿಕರು ಸ್ವಇಚ್ಛೆಯಿಂದ ತಮ್ಮ ನೆಲದ ಕಾಡನ್ನು ‘ನಿಸರ್ಗ ಆಶ್ರಯ’ವೆಂದು ಘೋಷಿಸುವ ಒಪ್ಪಂದಕ್ಕೂ ಅವಕಾಶವಿದೆ. ಕಬ್ಬು ಬೆಳೆಯುವವನು ವಾಲಬಿಯ ವೈರಿಯಾಗಬೇಕಾಗಿಲ್ಲ. ನೆಲವನ್ನು ಅಳತೆಯಾಗಿ ಮಾತ್ರ ಕಾಣುವ ದೃಷ್ಟಿಯೇ ಇಬ್ಬರ ವೈರಿ.

ಸಹ್ಯಾದ್ರಿಯ ಚಿಕ್ಕ ನೆಲೆಗಳು

ಸಹ್ಯಾದ್ರಿಯಲ್ಲಿ ವಾಲಬಿಯಿಲ್ಲ, ಆದರೆ ಇಂಥದೇ ಚಿಕ್ಕ ನೆಲೆಗಳು ಕಣಿವೆ ಕಣಿವೆಗೂ ಇವೆ. ಸಿದ್ದಾಪುರ ತಾಲೂಕಿನ ಕತ್ತಲೆಕಾನಿನ ರಾಂಪತ್ರೆ ಜಡ್ಡಿಯಲ್ಲಿ ಬೇರೂರಿದ್ದ ಗೇರು ಜಾತಿಯ ಬೃಹದ್ವೃಕ್ಷವೊಂದು ಸೆಮಿಕಾರ್ಪಸ್ ಕತ್ತಲೆಕಾನೆನ್ಸಿಸ್ ಎಂಬ ಹೊಸ ಪ್ರಭೇದವಾಗಿ ವಿಜ್ಞಾನಕ್ಕೆ ಪರಿಚಯವಾದದ್ದು 2000ನೇ ಇಸವಿಯಲ್ಲಿ. ವಾಲಬಿಗೆ ಬಂಡೆ ಹೇಗೋ ಈ ಮರಕ್ಕೆ ಜೌಗು ಹಾಗೆ. ಅದಕ್ಕಿಂತ ಮೊದಲು ಎಷ್ಟು ಜಡ್ಡಿಗಳು ಗದ್ದೆಯಾದವು, ತೋಟವಾದವು, ಜಲಾಶಯದಡಿ ಸೇರಿದವು. ಅವುಗಳಲ್ಲಿ ಹೆಸರಿಲ್ಲದ ಎಷ್ಟು ಮರಗಳಿದ್ದವು? ಪ್ರಾಸರ್ಪೈನ್‌ನ ನದಿಬಯಲಿನಂತೆಯೇ ಇಲ್ಲಿಯೂ ಎಣಿಕೆ ಆರಂಭವಾದದ್ದು ಕಳೆದುಕೊಂಡ ಮೇಲೆ. ಶರಾವತಿ ಕಣಿವೆಯ ಸಿಂಹಬಾಲದ ಸಿಂಗಳೀಕಗಳಿಗಾಗಿ 2019ರಲ್ಲಿ ಅಭಯಾರಣ್ಯ ಘೋಷಣೆಯಾಯಿತು. ಅದೇ ಕಣಿವೆಗೆ 2000 ಮೆಗಾವಾಟಿನ ಪಂಪ್ಡ್ ಸ್ಟೋರೇಜ್ ಯೋಜನೆಯ ಪ್ರಸ್ತಾಪ ಬಂದಾಗ ಕೇಳಿಬಂದ ಸಮರ್ಥನೆಯೂ ‘ಹೋಗುವುದು ಸ್ವಲ್ಪವೇ ಕಾಡು’ ಎಂಬುದೇ. ಮರದ ಮೇಲಿನಿಂದ ಮರದ ಮೇಲಕ್ಕೆ ಸಾಗಿ ಬದುಕುವ ಸಿಂಗಳೀಕಕ್ಕೆ ಆ ಸ್ವಲ್ಪ ಕಾಡೇ ಎರಡು ತೋಪುಗಳ ನಡುವಿನ ಸೇತುವೆಯಾಗಿರಬಹುದೆಂಬ ಪ್ರಶ್ನೆಗೆ ಎಕರೆಯ ಲೆಕ್ಕದಲ್ಲಿ ಉತ್ತರವಿಲ್ಲ.

ಜೀವವೈವಿಧ್ಯ ಕಾಯಿದೆ 2002ರಿಂದ ಇದೆ. ಪ್ರತಿ ಗ್ರಾಮ ಪಂಚಾಯಿತಿಯಲ್ಲಿ ಜೀವವೈವಿಧ್ಯ ನಿರ್ವಹಣಾ ಸಮಿತಿ ಇರಬೇಕು, ಜನರೇ ತಮ್ಮ ಊರಿನ ಜೀವವೈವಿಧ್ಯದ ದಾಖಲೆಯನ್ನು ಬರೆಯಬೇಕು ಎಂದು ಅದು ವಿಧಿಸುತ್ತದೆ. ಆ ಪುಸ್ತಕ ಕಪಾಟಿನಲ್ಲಿ ಖಾಲಿ ಕುಳಿತರೆ ಕಣಿವೆ ಖಾಲಿಯಾಗಲು ತಡವಾಗದು. ಯಾವ ಜಡ್ಡಿಯಲ್ಲಿ ಬೇಸಿಗೆಯಲ್ಲೂ ನೀರು ನಿಲ್ಲುತ್ತದೆ, ಯಾವ ಬಂಡೆಯ ಸಂದಿನಲ್ಲಿ ಜೇನು ಕಟ್ಟುತ್ತದೆ, ಯಾವ ಹಳ್ಳದಲ್ಲಿ ಯಾವ ಕಪ್ಪೆ ಮೊದಲ ಮಳೆಗೆ ಕೂಗುತ್ತದೆ, ಯಾವ ಕಾಡಿನ ಪಟ್ಟಿಯಿಂದ ಸಿಂಗಳೀಕ ದಾಟುತ್ತದೆ ಎಂಬುದನ್ನು ಊರಿನ ಹಿರಿಯರು ಬಲ್ಲರು. ಅದನ್ನು ಬರೆಯುವ ವಿದ್ಯೆ ಅವರ ಮೊಮ್ಮಕ್ಕಳಿಗಿದೆ. ಇಬ್ಬರೂ ಕೂಡಿ ಕುಳಿತು ಗ್ರಾಮಸಭೆಯ ಮುಂದಿಟ್ಟು ದಾಖಲಿಸಬೇಕು. ಸರ್ವೆಯ ಸರಪಳಿ ಬಂದ ಮೇಲೆ ಬರೆಯಲು ಕುಳಿತರೆ ಅದು ದೂರಾಗುತ್ತದೆ. ಮೊದಲೇ ಬರೆದಿದ್ದರೆ ಅದು ಸಾಕ್ಷಿಯಾಗುತ್ತದೆ.

ಮುಂದಿನ ಸಲ ಯಾವುದೇ ಯೋಜನೆಯವರು ಅಹವಾಲು ಸಭೆಗೆ ಬಂದು ‘ಬೇರೆ ಕಡೆ’ ಎಂದಾಗ ಕೇಳಬೇಕಾದ ಪ್ರಶ್ನೆ ಒಂದೇ: ಆ ಬೇರೆ ಕಡೆ ಎಲ್ಲಿದೆ, ನಕ್ಷೆಯಲ್ಲಿ ತೋರಿಸಿ. ಅಲ್ಲಿ ಇದೇ ಮಣ್ಣು, ಇದೇ ನೀರು, ಇದೇ ಬಂಡೆ, ಇದೇ ನೆರಳು ಇವೆಯೇ? ಇದ್ದರೆ ಅಲ್ಲಿ ಈಗಾಗಲೇ ಯಾರು ಬದುಕುತ್ತಿದ್ದಾರೆ? ಉತ್ತರ ಬರುವವರೆಗೆ ಕೊಡಲಿ ಕೆಳಗಿರಲಿ.